ಬೆಂದೂರಿನ ಹಿಂಬದಿ ಕೋಣೆಯಲ್ಲಿ ಕೇಳಿದ ಮ್ಯಾಕ್ಸ್ ರೋಚ್

ತುಳುನಾಡಿನಲ್ಲಿ ಆಟಗಳು ನಿಲ್ಲುವ ದಿನವಾದ ಪತ್ತನಾಜೆ ಕಳೆದು ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ ನನ್ನಂತಹ ಹವ್ಯಾಸಿ ಮದ್ದಳೆಗಾರನಿಗೆ ಹೆಚ್ಚು ಕೆಲಸವಿರುವುದಿಲ್ಲ. ಉಡುಪಿಯ ಮಳೆಗೆ ಮದ್ದಳೆಯ ಚರ್ಮ ಇಳಿದುಹೋಗುತ್ತದೆ, ಎಷ್ಟು ಬಿಗಿದರೂ ಶ್ರುತಿ ಒಂದು ಪದ್ಯದಷ್ಟು ಹೊತ್ತು ನಿಲ್ಲುವುದಿಲ್ಲ. ಎಲ್ಲಾದರೂ ವೇಷವಿಲ್ಲದೆ ಕುಳಿತು ನಡೆಸುವ ತಾಳಮದ್ದಳೆಗೆ ಕರೆ ಬಂದರೆ ಹೋಗುವುದು, ಉಳಿದ ಸಂಜೆಗಳಲ್ಲಿ ಬೇರೆಯವರು ನುಡಿಸಿದ್ದನ್ನು ಕೇಳುತ್ತ ಕೂರುವುದು ಹಲವು ವರ್ಷಗಳಿಂದ ನನ್ನ ಮಳೆಗಾಲದ ರೂಢಿ. ಈ ಸಲ ನಾನು ಮತ್ತೆ ಕೇಳಲು ಕುಳಿತದ್ದು ಅಮೆರಿಕದ ಜಾಝ್ ಡ್ರಮ್ ವಾದಕ ಮ್ಯಾಕ್ಸ್ ರೋಚ್ ಅವರನ್ನು. ಅವರ ಬಗ್ಗೆ ಬರೆಯಬೇಕೆಂದು ಬಹಳ ದಿನಗಳಿಂದ ಅಂದುಕೊಂಡಿದ್ದೆ. ಬರೆಯಲು ಹಿಂಜರಿದದ್ದಕ್ಕೆ ಕಾರಣವೂ ಉಂಟು. ಅವರ ಸಂಗೀತ ನನಗೆ ಪುಸ್ತಕದಿಂದ ಬಂದದ್ದಲ್ಲ, ಒಬ್ಬ ಮನುಷ್ಯರ ಮೂಲಕ ಬಂದದ್ದು. ಆ ಮನುಷ್ಯರನ್ನು ಬಿಟ್ಟು ರೋಚ್ ಅವರ ಬಗ್ಗೆ ಬರೆಯಲು ನನ್ನಿಂದ ಆಗುವುದಿಲ್ಲ.

1994ರಲ್ಲಿ ಮಂಗಳೂರಿನಲ್ಲಿ ಓದುತ್ತಿದ್ದಾಗ ಬೆಂದೂರಿನ ಹಳೆಯ ಹೆಂಚಿನ ಮನೆಯೊಂದರ ಹಿಂಬದಿ ಕೋಣೆಯಲ್ಲಿ ಬಾಡಿಗೆಗಿದ್ದೆ. ಮನೆಯ ಯಜಮಾನರಿಗೆ ಆಗ ಅರುವತ್ತರ ಹತ್ತಿರ ವಯಸ್ಸು. ನಮ್ಮ ಕಡೆ ಕ್ರಿಶ್ಚಿಯನ್ ಹಿರಿಯರನ್ನು ಕರೆಯುವ ರೂಢಿಯಂತೆ ನಾನು ಅವರನ್ನು ಪೊರ್ಬುಗಳು ಎಂದೇ ಕರೆಯುತ್ತಿದ್ದೆ. ಹದಿನೆಂಟರ ಪ್ರಾಯದಲ್ಲಿ ಬೊಂಬಾಯಿಗೆ ಹೋಗಿ, ಹೋಟೆಲೊಂದರ ಡ್ಯಾನ್ಸ್ ಬ್ಯಾಂಡಿನಲ್ಲಿ ವರ್ಷಗಟ್ಟಲೆ ಡ್ರಮ್ ಬಾರಿಸಿ, ಹೋಟೆಲುಗಳಲ್ಲಿ ಅಂತಹ ಬ್ಯಾಂಡುಗಳಿಗೆ ಬೇಡಿಕೆ ಇಳಿದ ಮೇಲೆ ಸಿನೆಮಾ ರೆಕಾರ್ಡಿಂಗುಗಳಲ್ಲಿ ಸಿಕ್ಕಿದಷ್ಟು ದಿನ ದುಡಿದು, ಕೊನೆಗೆ ಊರಿಗೆ ಮರಳಿ ಮದುವೆಯ ಬ್ಯಾಂಡ್ ಸೆಟ್ಟುಗಳಲ್ಲಿ ನುಡಿಸುತ್ತಿದ್ದವರು ಅವರು. ಅವರ ಡ್ರಮ್ ಸೆಟ್ಟು ಜಗಲಿಯ ಮೂಲೆಯಲ್ಲಿ ಹಳೆಯ ಬೆಡ್‌ಶೀಟಿನಡಿ ಇರುತ್ತಿತ್ತು. ಮದುವೆಯ ಸೀಸನ್ನಿನಲ್ಲಿ ಅದು ಟೆಂಪೋ ಏರುತ್ತಿತ್ತು, ಮಳೆಗಾಲದಲ್ಲಿ ಅದರ ಮೇಲೆ ಒದ್ದೆ ಬಟ್ಟೆ ಒಣಗುತ್ತಿತ್ತು.

ನಾನು ಆಗಷ್ಟೇ ಮದ್ದಳೆ ಕಲಿಯಲು ಆರಂಭಿಸಿದ್ದೆ. ಒಂದು ಸಂಜೆ ಕೋಣೆಯಲ್ಲಿ ಪಾಠ ಒಪ್ಪಿಸಿಕೊಳ್ಳುತ್ತ ಮೇಜಿನ ಮೇಲೆ ಬೆರಳಾಡಿಸುತ್ತಿದ್ದಾಗ ಪೊರ್ಬುಗಳು ಬಾಗಿಲಲ್ಲಿ ನಿಂತು ಸ್ವಲ್ಪ ಹೊತ್ತು ಕೇಳಿ, ಏನೂ ಹೇಳದೆ ಹೋಗಿ, ಟೇಪ್ ರೆಕಾರ್ಡರು ಮತ್ತು ಒಂದು ಕ್ಯಾಸೆಟ್ ಹಿಡಿದುಕೊಂಡು ಬಂದರು. ಕುವೈತಿನಲ್ಲಿದ್ದ ಅವರ ಅಣ್ಣನ ಮಗ ಯಾರದೋ ಎಲ್‌ಪಿಯಿಂದ ತುಂಬಿಸಿ ಕಳಿಸಿದ ಕ್ಯಾಸೆಟ್ ಅದು. ಸುರುಳಿ ತಿರುಗಿತು. ಹಾಡಿಲ್ಲ, ಪಿಯಾನೋ ಇಲ್ಲ, ತುತ್ತೂರಿ ಇಲ್ಲ. ಮೂರರ ಎಣಿಕೆಯಲ್ಲಿ ಒಂದು ದಪ್ಪ ಪೆಟ್ಟು, ಎರಡು ತೆಳು ಪೆಟ್ಟು, ಅದರ ಮೇಲೆ ಆಗಾಗ ಮಾತಿನಂತೆ ಬಂದುಹೋಗುವ ಕೋಲಿನ ನುಡಿ. ನಾನು ವೇಗಕ್ಕಾಗಿ ಕಾಯುತ್ತಿದ್ದೆ, ವೇಗ ಬರಲೇ ಇಲ್ಲ. ನನ್ನ ಮುಖ ನೋಡಿ ಪೊರ್ಬುಗಳು, “ಕೈಯ ಹಿಂದೆ ಹೋಗಬೇಡ ಮಾರಾಯ, ಕಾಲನ್ನು ಕೇಳು” ಎಂದರು.

ಅದು ರೋಚ್ ಅವರು 1966ರಲ್ಲಿ ಹೊರತಂದ ‘ಡ್ರಮ್ಸ್ ಅನ್‌ಲಿಮಿಟೆಡ್’ ಧ್ವನಿಮುದ್ರಿಕೆಯಲ್ಲಿರುವ, ಡ್ರಮ್ ಒಂದೇ ನುಡಿಯುವ ಮೂರು ಕೃತಿಗಳಲ್ಲಿ ಮೊದಲನೆಯದು. ಬಲಗಾಲು ಬಾಸ್ ಡ್ರಮ್ಮಿನ ಪೆಡಲನ್ನು ಒತ್ತಿ ಮೊದಲ ಎಣಿಕೆಯನ್ನು ಹೇಳುತ್ತದೆ, ಎಡಗಾಲು ಹೈ-ಹ್ಯಾಟ್ ಎಂಬ ಜೋಡಿ ಕಂಚಿನ ತಾಳಗಳನ್ನು ಮುಚ್ಚಿ ಎರಡನೆಯದನ್ನೂ ಮೂರನೆಯದನ್ನೂ ಹೇಳುತ್ತದೆ. ಈ ನಡೆ ಮೊದಲಿನಿಂದ ಕೊನೆಯವರೆಗೂ ಹೆಚ್ಚುಕಡಿಮೆ ಕದಲುವುದಿಲ್ಲ. ಹೀಗೆ ಕಾಲುಗಳು ತಾಳದವನ ಕೆಲಸವನ್ನು ಪೂರ್ತಿಯಾಗಿ ವಹಿಸಿಕೊಂಡುಬಿಟ್ಟಿರುವುದರಿಂದ ಕೈಗಳು ತಾಳ ಕಾಯುವ ಹೊಣೆಯಿಂದ ಬಿಡುಗಡೆ ಪಡೆದು ಪದ್ಯ ಹೇಳುತ್ತವೆ. ಒಂದು ಸಾಲು ಹೇಳಿ ನಿಲ್ಲುತ್ತವೆ, ನಿಂತಾಗ ಕಾಲಿನ ನಡೆ ಮಾತ್ರ ಕೇಳಿಸುತ್ತದೆ, ಮತ್ತೆ ಅದೇ ಸಾಲನ್ನು ಸ್ವಲ್ಪ ತಿರುಗಿಸಿ ಹೇಳುತ್ತವೆ. ನಮ್ಮಲ್ಲಾದರೆ ಜಾಗಟೆ ಹಿಡಿದ ಭಾಗವತರೊಬ್ಬರು, ಮದ್ದಳೆಯವನೊಬ್ಬ ಸೇರಿ ಮಾಡುವ ಕೆಲಸವನ್ನು ಇಲ್ಲಿ ಒಬ್ಬನೇ ಮನುಷ್ಯ ಸೊಂಟದ ಮೇಲೆ, ಸೊಂಟದ ಕೆಳಗೆ ಎಂದು ಹಂಚಿಕೊಂಡಿದ್ದಾನೆ ಎಂದು ನನಗೆ ಅರ್ಥವಾಗಲು ಒಂದು ವಾರ ಬೇಕಾಯಿತು.

ರೋಚ್ ಹುಟ್ಟಿದ್ದು 1924ರಲ್ಲಿ, ಅಮೆರಿಕದ ನಾರ್ತ್ ಕ್ಯಾರೊಲಿನಾ ರಾಜ್ಯದ ಗ್ರಾಮೀಣ ಭಾಗದಲ್ಲಿ. ಅವರಿಗೆ ನಾಲ್ಕು ವರ್ಷವಾಗಿದ್ದಾಗ ಕುಟುಂಬ ನ್ಯೂಯಾರ್ಕಿನ ಬ್ರೂಕ್ಲಿನ್‌ಗೆ ಬಂದು ನೆಲೆಸಿತು. ತಾಯಿ ಚರ್ಚಿನಲ್ಲಿ ಭಕ್ತಿಗೀತೆ ಹಾಡುತ್ತಿದ್ದವರು. ಮಗ ಹತ್ತರ ಪ್ರಾಯದಲ್ಲೇ ಅಂತಹ ಗೋಷ್ಠಿಗಳಲ್ಲಿ ಡ್ರಮ್ ಬಾರಿಸಲು ತೊಡಗಿದ್ದ. 1942ರಲ್ಲಿ ಡ್ಯೂಕ್ ಎಲಿಂಗ್ಟನ್ ಅವರ ವಾದ್ಯವೃಂದದ ಕಾಯಂ ಡ್ರಮ್ ವಾದಕ ಸನ್ನಿ ಗ್ರೀರ್ ಅವರ ಬದಲಿಗೆ ಕೆಲವು ಪ್ರದರ್ಶನಗಳಲ್ಲಿ ಕೂರುವ ಅವಕಾಶ ಸಿಕ್ಕಿದಾಗ ರೋಚ್ ಅವರಿಗೆ ಹದಿನೆಂಟು. ನಮ್ಮಲ್ಲಿ ದೊಡ್ಡ ಮೇಳದ ಮದ್ದಳೆಗಾರರಿಗೆ ಸೌಖ್ಯವಿಲ್ಲದ ದಿನ ಊರಿನ ಹುಡುಗನನ್ನು ಎಬ್ಬಿಸಿ ಕೂರಿಸಿದ ಹಾಗೆ. ಅಂತಹ ಒಂದು ರಾತ್ರಿಯಿಂದ ಹುಡುಗನ ಹೆಸರು ಹೇಗೆ ಊರೂರಿಗೆ ಹೋಗುತ್ತದೆ ಎಂಬುದನ್ನು ಯಕ್ಷಗಾನ ನೋಡುವವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ರೋಚ್ ಅವರ ಕಾಲಕ್ಕೆ ಜಾಝ್ ಡ್ರಮ್ಮಿನಲ್ಲಿ ಏನು ಬದಲಾಗುತ್ತಿತ್ತು ಎಂಬುದನ್ನು ಇಲ್ಲಿ ಸ್ವಲ್ಪ ನಿಧಾನವಾಗಿ ಹೇಳಬೇಕು, ಏಕೆಂದರೆ ಅದು ತಿಳಿಯದಿದ್ದರೆ ಅವರ ದೊಡ್ಡತನ ಬರೀ ಹೊಗಳಿಕೆಯಾಗಿ ಉಳಿಯುತ್ತದೆ. 1930ರ ದಶಕದ ದೊಡ್ಡ ಬ್ಯಾಂಡುಗಳು ಕುಣಿಯುವವರಿಗಾಗಿ ನುಡಿಸುತ್ತಿದ್ದವು. ಕುಣಿಯುವ ಕಾಲಿಗೆ ನೆಲದಿಂದ ಪೆಟ್ಟು ಬೇಕು. ಆದ್ದರಿಂದ ಡ್ರಮ್ ವಾದಕ ನಾಲ್ಕು ಎಣಿಕೆಗೂ ಬಾಸ್ ಡ್ರಮ್ಮನ್ನು ತುಳಿಯುತ್ತಲೇ ಇರಬೇಕಿತ್ತು. 1940ರ ಸುಮಾರಿಗೆ ಕೆನ್ನಿ ಕ್ಲಾರ್ಕ್ ಎಂಬ ವಾದಕರು, ತೀರಾ ವೇಗದ ಹಾಡುಗಳಲ್ಲಿ ಕಾಲು ಸೋಲುತ್ತದೆ ಎಂಬ ಬಹಳ ಪ್ರಾಯೋಗಿಕವಾದ ಕಾರಣದಿಂದ, ಆ ನಾಲ್ಕರ ಎಣಿಕೆಯನ್ನು ಕಾಲಿನಿಂದ ತೆಗೆದು ಬಲಗೈಯ ಬದಿಯಲ್ಲಿರುವ ರೈಡ್ ಎಂಬ ದೊಡ್ಡ ಕಂಚಿನ ತಾಳಕ್ಕೆ ಒಪ್ಪಿಸಿದರು. ತಾಳದ ಸದ್ದು ತೆಳು, ಅದು ಒಂದರೊಳಗೊಂದು ಹರಿದು ಗಾಳಿಯಂತೆ ನಿಲ್ಲುತ್ತದೆ. ಹೀಗೆ ಲಯ ಮೇಲಕ್ಕೆ ಹೋದಾಗ ಕಾಲೂ ಎಡಗೈಯೂ ಖಾಲಿಯಾದವು, ಖಾಲಿಯಾದ ಕೈಕಾಲುಗಳು ಹಾಡುವವನ ಸಾಲಿನ ನಡುವೆ ಮಾತು ಸೇರಿಸಲು ಕಲಿತವು. ಕ್ಲಾರ್ಕ್ ತೆರೆದ ಈ ದಾರಿಯಲ್ಲಿ ಎಲ್ಲರಿಗಿಂತ ದೂರ ನಡೆದವರು ರೋಚ್.

ಕಲೆಯ ಚರಿತ್ರೆಯಲ್ಲಿ ಸರಕಾರದ ತೆರಿಗೆಗೂ ಪಾಲಿರುತ್ತದೆ ಎಂಬುದು ನನಗೆ ಯಾವಾಗಲೂ ತಮಾಷೆಯಾಗಿ ಕಾಣುವ ಸಂಗತಿ. 1944ರಲ್ಲಿ ಅಮೆರಿಕ ಸರಕಾರ, ಯುದ್ಧದ ಖರ್ಚಿನ ಕಾಲದಲ್ಲಿ, ಹಾಡು ಮತ್ತು ಕುಣಿತವಿರುವ ಊಟದ ಮನೆಗಳ ಮೇಲೆ ಶೇ 30ರ ತೆರಿಗೆ ಹಾಕಿತು. ಆಮೇಲೆ ಅದನ್ನು ಶೇ 20ಕ್ಕೆ ಇಳಿಸಿತು. ವಾದ್ಯಗಳನ್ನು ಮಾತ್ರ ನುಡಿಸುವ ಜಾಗಗಳಿಗೆ ಈ ತೆರಿಗೆ ತಟ್ಟುತ್ತಿರಲಿಲ್ಲ. ಸಣ್ಣ ಕ್ಲಬ್ಬಿನ ಮಾಲೀಕ ಗಾಯಕಿಯನ್ನೂ ಕುಣಿಯುವ ಅಂಗಳವನ್ನೂ ಬಿಟ್ಟು ನಾಲ್ಕೈದು ವಾದಕರನ್ನು ಮಾತ್ರ ಇಟ್ಟುಕೊಂಡರೆ ಉಳಿತಾಯವಾಗುತ್ತಿತ್ತು. ಕುಣಿಯುವವರ ಜಾಗಕ್ಕೆ ಕುಳಿತು ಕೇಳುವವರು ಬಂದರು. ಈ ತೆರಿಗೆಯಿಂದಾಗಿ ವಾದ್ಯ ಸಂಗೀತ ಬೆಳೆಯಿತು ಎಂದು ರೋಚ್ ಅವರೇ ಮುಂದೆ ನೆನಪಿಸಿಕೊಂಡಿದ್ದಾರೆ. ಇನ್ನೊಂದು ಕಡೆ, 1942ರ ಆಗಸ್ಟಿನಿಂದ ವಾದಕರ ಸಂಘ ಧ್ವನಿಮುದ್ರಣ ಕಂಪೆನಿಗಳ ವಿರುದ್ಧ ಮುಷ್ಕರ ಹೂಡಿತ್ತು, ಅದು ಎರಡು ವರ್ಷಕ್ಕೂ ಮಿಕ್ಕಿ ನಡೆಯಿತು. ಬಿಬಾಪ್ ಎಂದು ಹೆಸರಾದ ಹೊಸ ಸಂಗೀತ ನ್ಯೂಯಾರ್ಕಿನ ಹಾರ್ಲೆಮ್ಮಿನ ಕ್ಲಬ್ಬುಗಳಲ್ಲಿ ನಡುರಾತ್ರಿಯ ಮೇಲೆ ಹುಟ್ಟಿ ಬೆಳೆದದ್ದು ಇದೇ ವರ್ಷಗಳಲ್ಲಿ, ಆದ್ದರಿಂದ ಅದರ ಬಾಲ್ಯದ ದನಿ ಹೆಚ್ಚಾಗಿ ಯಾವ ತಟ್ಟೆಯಲ್ಲೂ ಉಳಿದಿಲ್ಲ.

ಉಳಿದಿರುವುದರಲ್ಲಿ ನಾನು ಮತ್ತೆ ಮತ್ತೆ ಕೇಳುವುದು 1945ರ ನವೆಂಬರ್ 26ರಂದು ಚಾರ್ಲಿ ಪಾರ್ಕರ್ ಅವರ ಸ್ಯಾಕ್ಸೋಫೋನಿನೊಂದಿಗೆ ರೋಚ್ ನುಡಿಸಿದ ಮುದ್ರಣ. ನಿಮಿಷಕ್ಕೆ ಸುಮಾರು 300 ಎಣಿಕೆಯ ವೇಗ. ರೋಚ್ ಅವರಿಗೆ ಆಗ ಇಪ್ಪತ್ತೊಂದು. ಮೊದಲ ಬಾರಿ ಕೇಳುವವರಿಗೆ ಅದು ಗಲಾಟೆಯಂತೆ ತೋರಬಹುದು, ನನಗೂ ಹಾಗೆಯೇ ತೋರಿತ್ತು. ಏರುಕಾಲದ ಯುದ್ಧದ ಪದ್ಯಕ್ಕೆ ಹೊಸದಾಗಿ ಕುಳಿತ ಮದ್ದಳೆಗಾರ ಏನು ಮಾಡುತ್ತಾನೆಂದು ನೋಡಿದವರಿಗೆ ಇದರ ಬೆಲೆ ತಿಳಿಯುತ್ತದೆ. ಅವನು ಹೆದರಿ ಎಲ್ಲ ಅಕ್ಷರಗಳನ್ನೂ ತುಂಬಿಸುತ್ತಾನೆ. ರೋಚ್ ತುಂಬಿಸುವುದಿಲ್ಲ. ರೈಡ್ ತಾಳ ತನ್ನಷ್ಟಕ್ಕೆ ಓಡುತ್ತಿರುತ್ತದೆ. ಪಾರ್ಕರ್ ಉಸಿರು ತೆಗೆದುಕೊಳ್ಳುವಲ್ಲಿ ಮಾತ್ರ ಕೆಳಗಿನಿಂದ ಒಂದು ಪೆಟ್ಟು ಬೀಳುತ್ತದೆ. ಭಾಗವತರು ಪದ್ಯದ ಯಾವ ಅಕ್ಷರದಲ್ಲಿ ದಮ್ಮು ತೆಗೆಯುತ್ತಾರೆಂದು ತಿಳಿದ ಮದ್ದಳೆಗಾರ ಹೀಗೆಯೇ ನುಡಿಸುತ್ತಾನೆ.

ಪದ್ಯದ ಮಟ್ಟು ಗೊತ್ತಿಲ್ಲದವನು ಮದ್ದಳೆ ಬಾರಿಸಬಾರದು ಎಂದು ನನ್ನ ಗುರುಗಳು ಹೇಳುತ್ತಿದ್ದರು. ರೋಚ್ ಅವರ ವಾದನದ ಒಳಗುಟ್ಟೂ ಇದೇ ಎಂದು ನನಗೆ ಅನ್ನಿಸುತ್ತದೆ. ಜಾಝಿನ ಹೆಚ್ಚಿನ ಹಾಡುಗಳಿಗೆ ಮೂವತ್ತೆರಡು ಆವರ್ತಗಳ ಒಂದು ಕಟ್ಟು ಇರುತ್ತದೆ: ಒಂದು ಸಾಲು, ಅದರ ಮರುಕಳಿಕೆ, ಬೇರೆಯದೊಂದು ನಡುಸಾಲು, ಮತ್ತೆ ಮೊದಲಿನದು. ಡ್ರಮ್ ಒಂಟಿಯಾಗಿ ನುಡಿಸುವಾಗ ಬಹಳ ಮಂದಿ ಈ ಕಟ್ಟನ್ನು ಬದಿಗಿಟ್ಟು ಬಲ ತೋರಿಸುತ್ತಾರೆ. ರೋಚ್ ಒಂಟಿಯಾಗಿ ನುಡಿಸುವಾಗ, ಬೇರೆ ಯಾವ ವಾದ್ಯವೂ ಇಲ್ಲದಿದ್ದರೂ, ನಾವು ಮನಸ್ಸಿನಲ್ಲಿ ಹಾಡನ್ನು ಹಾಡಿಕೊಳ್ಳಬಹುದು. ನಡುಸಾಲು ಬಂದಾಗ ಅವರ ಕೋಲು ಬೇರೆ ಡ್ರಮ್ಮಿಗೆ ಹೋಗಿರುತ್ತದೆ. ಡ್ರಮ್ಮುಗಳನ್ನು ಅವರು ಸ್ವಲ್ಪ ಎತ್ತರದ ಶ್ರುತಿಗೆ ಬಿಗಿದಿಟ್ಟುಕೊಳ್ಳುತ್ತಿದ್ದರು, ಒಂದೊಂದರ ದನಿ ಬೇರೆ ಬೇರೆಯಾಗಿ ಕೇಳಬೇಕೆಂದು. ಪೊರ್ಬುಗಳು ಇದನ್ನು ತೋರಿಸಿಕೊಟ್ಟದ್ದು ಅಡುಗೆಮನೆಯ ಪಾತ್ರೆಗಳಿಂದ. ನೀರು ತುಂಬಿದ ಚೆಂಬು, ಅರ್ಧ ನೀರಿನ ಪಾತ್ರೆ, ಖಾಲಿ ಡಬ್ಬಿ. ಅವರ ಹೆಂಡತಿ ಒಳಗಿನಿಂದ ಕೊಂಕಣಿಯಲ್ಲಿ ಹೇಳಿದ್ದನ್ನು ಇಲ್ಲಿ ಬರೆಯಲಾರೆ.

1940ರ ದಶಕ ಮುಗಿಯುವ ಹೊತ್ತಿಗೆ ರೋಚ್ ಹೆಸರುವಾಸಿಯಾಗಿದ್ದರು. ಆದರೂ ಮ್ಯಾನ್‌ಹ್ಯಾಟನ್ ಸ್ಕೂಲ್ ಆಫ್ ಮ್ಯೂಸಿಕ್‌ನಲ್ಲಿ ಕಲಿಯಲು ಸೇರಿದರು. ಅಲ್ಲಿನ ತಾಳವಾದ್ಯದ ಗುರುಗಳು ಕೋಲು ಹಿಡಿಯುವ ರೀತಿಯನ್ನೇ ಬದಲಿಸಬೇಕೆಂದು ಹೇಳಿದಾಗ, ಅದೇ ಹಿಡಿತದಿಂದ ದುಡಿದು ಬದುಕುತ್ತಿದ್ದ ರೋಚ್ ಡ್ರಮ್ಮನ್ನು ಬಿಟ್ಟು ಸಂಗೀತ ರಚನೆಯನ್ನು ಓದಿನ ವಿಷಯವಾಗಿ ಆರಿಸಿಕೊಂಡರು. 1952ರಲ್ಲಿ ಬಾಸ್ ವಾದಕ ಚಾರ್ಲ್ಸ್ ಮಿಂಗಸ್ ಅವರೊಂದಿಗೆ ಸೇರಿ ಸ್ವಂತದ ಧ್ವನಿಮುದ್ರಣ ಕಂಪೆನಿಯನ್ನೂ ಕಟ್ಟಿದರು. ಮರುವರ್ಷ ಮೇ 15ರಂದು ಕೆನಡಾದ ಟೊರೊಂಟೋ ನಗರದ ಮ್ಯಾಸಿ ಹಾಲ್‌ನಲ್ಲಿ ಪಾರ್ಕರ್, ತುತ್ತೂರಿಯ ಡಿಝಿ ಗಿಲೆಸ್ಪಿ, ಪಿಯಾನೋದ ಬಡ್ ಪಾವೆಲ್, ಮಿಂಗಸ್, ರೋಚ್ ಐವರೂ ಒಂದೇ ವೇದಿಕೆಯಲ್ಲಿ ಕೂಡಿದರು. ಆ ರಾತ್ರಿಯೇ ಹೆವಿವೇಯ್ಟ್ ಬಾಕ್ಸಿಂಗ್ ಪಂದ್ಯವೊಂದು ಇದ್ದುದರಿಂದ ಸಭಾಂಗಣ ತುಂಬಲಿಲ್ಲ. ಪಾರ್ಕರ್ ಅಂದು ನುಡಿಸಿದ್ದು ಪ್ಲಾಸ್ಟಿಕ್ಕಿನ ಸ್ಯಾಕ್ಸೋಫೋನ್. ಪಂಚ ದಿಗ್ಗಜರ ಕೂಟಾಟಕ್ಕೆ ಅರ್ಧ ಕುರ್ಚಿ ಖಾಲಿ ಎಂದು ಊಹಿಸಿಕೊಳ್ಳಿ.

1954ರಲ್ಲಿ ರೋಚ್ ತುತ್ತೂರಿ ವಾದಕ ಕ್ಲಿಫರ್ಡ್ ಬ್ರೌನ್ ಅವರೊಂದಿಗೆ ಜಂಟಿಯಾಗಿ ಐವರ ತಂಡ ಕಟ್ಟಿದರು. ಬ್ರೌನ್ ವಯಸ್ಸಿನಲ್ಲಿ ರೋಚ್ ಅವರಿಗಿಂತ ಆರು ವರ್ಷ ಚಿಕ್ಕವರು, ಕುಡಿತ ಮತ್ತು ಮಾದಕ ವಸ್ತುಗಳು ಒಂದು ಇಡೀ ತಲೆಮಾರಿನ ವಾದಕರನ್ನು ತಿನ್ನುತ್ತಿದ್ದ ಕಾಲದಲ್ಲಿ ಅವೆರಡರಿಂದಲೂ ದೂರವಿದ್ದು ದಿನವಿಡೀ ಅಭ್ಯಾಸ ಮಾಡುತ್ತಿದ್ದ ಸೌಮ್ಯ ಸ್ವಭಾವದವರು. ಈ ತಂಡದ ಮುದ್ರಣಗಳನ್ನು ಕೇಳಿದರೆ ಇಬ್ಬರು ಯಜಮಾನರಿದ್ದೂ ಜಗಳವಿಲ್ಲದ ಮನೆಯೊಂದು ಕಣ್ಣಿಗೆ ಕಟ್ಟುತ್ತದೆ. ತುತ್ತೂರಿಯ ಸಾಲು ಎಷ್ಟು ಸ್ಪಷ್ಟವೋ ಅದರ ಕೆಳಗಿನ ಡ್ರಮ್ಮೂ ಅಷ್ಟೇ ಸ್ಪಷ್ಟ, ಒಂದು ಅಕ್ಷರ ಕೂಡ ಇನ್ನೊಂದರ ಮೇಲೆ ಬಿದ್ದು ಮಸುಕಾಗುವುದಿಲ್ಲ.

1956ರ ಜೂನ್ 26ರ ರಾತ್ರಿ ಬ್ರೌನ್, ತಂಡದ ಪಿಯಾನೋ ವಾದಕ ರಿಚಿ ಪಾವೆಲ್ ಮತ್ತು ಪಾವೆಲ್ ಅವರ ಪತ್ನಿ ನ್ಯಾನ್ಸಿ ಕಾರಿನಲ್ಲಿ ಶಿಕಾಗೋ ಕಡೆಗೆ ಹೊರಟಿದ್ದರು. ಮುಂದಿನ ಕಾರ್ಯಕ್ರಮ ಅಲ್ಲಿತ್ತು. ಪೆನ್ಸಿಲ್ವೇನಿಯಾದ ಹೆದ್ದಾರಿಯಲ್ಲಿ ಮಳೆಗೆ ಕಾರು ಜಾರಿ ಮೂವರೂ ತೀರಿಕೊಂಡರು. ಬ್ರೌನ್ ಅವರಿಗೆ ಇಪ್ಪತ್ತೈದು. ರೋಚ್ ಅವರ ಬದುಕು ಅಲ್ಲಿಗೆ ಎರಡಾಗಿ ಸೀಳಿತು. ಆಮೇಲಿನ ಕೆಲವು ವರ್ಷ ಅವರು ಕುಡಿತಕ್ಕೂ ಕಡುವಿಷಾದಕ್ಕೂ ಬಿದ್ದರು. ಆದರೂ ನುಡಿಸುವುದನ್ನು ಬಿಡಲಿಲ್ಲ. ತಂಡದಲ್ಲಿ ಉಳಿದಿದ್ದ ಸ್ಯಾಕ್ಸೋಫೋನ್ ವಾದಕ ಸನ್ನಿ ರಾಲಿನ್ಸ್ ಮತ್ತಿತರರೊಂದಿಗೆ 1957ರಲ್ಲಿ ಇಡೀ ಒಂದು ಧ್ವನಿಮುದ್ರಿಕೆಯನ್ನು ಮೂರರ ಎಣಿಕೆಯಲ್ಲೇ ಮಾಡಿದರು. ಜಾಝ್ ಎಂದರೆ ನಾಲ್ಕರ ಎಣಿಕೆ ಎಂದು ಎಲ್ಲರೂ ನಂಬಿದ್ದ ದಿನಗಳವು.

ಈ ಅಪಘಾತದ ಕತೆಯನ್ನು ಪೊರ್ಬುಗಳು ನನಗೆ ಹೇಳಿದ್ದು ಒಂದೇ ಒಂದು ಸಲ. ರಾತ್ರಿ ಮದುವೆ ಮುಗಿಸಿ, ಟೆಂಪೋದ ಹಿಂದೆ ಡ್ರಮ್ಮುಗಳ ನಡುವೆ ಕುಳಿತು ಮೂಡುಬಿದಿರೆಯಿಂದ ಬರುವಾಗ. ಅಂದು ನಾನು ಸಾಮಾನು ಹೊರಲು ಹೋಗಿದ್ದೆ. ಮಳೆ ಇತ್ತು, ಚಾಲಕ ತೂಕಡಿಸುತ್ತಿದ್ದಾನೆಯೇ ಎಂದು ಇಬ್ಬರಿಗೂ ಅನುಮಾನ. ಕತೆ ಹೇಳಿ ಮುಗಿಸಿದವರೇ ಅವರು ಮುಂದಿನ ಕಿಟಕಿಗೆ ಬಡಿದು, ಗುರುಪುರ ಪೇಟೆಯಲ್ಲಿ ಚಾಕ್ಕೆ ನಿಲ್ಲಿಸುವಂತೆ ಚಾಲಕನಿಗೆ ಹೇಳಿದರು. ರಾತ್ರಿಯಿಡೀ ನುಡಿಸಿ ಬೆಳಗಿನ ಜಾವ ಮನೆಗೆ ಮರಳುವ ಎಲ್ಲರ ಬಾಳೂ ಎಷ್ಟು ಒಂದೇ ಬಗೆಯದು ಎಂಬುದು, ಆಟ ಮುಗಿಸಿ ಬೈಕಿನಲ್ಲಿ ಬರುವಾಗ ಈಗಲೂ ನನಗೆ ನೆನಪಾಗುತ್ತದೆ.

ಬ್ರೌನ್ ಸಾವಿನ ಆ ವಿಷಾದದಿಂದ ರೋಚ್ ಅವರು ಹೊರಬಂದ ಬಗೆ ನನಗೆ ಅವರ ವಾದನಕ್ಕಿಂತಲೂ ದೊಡ್ಡದಾಗಿ ಕಾಣುತ್ತದೆ. 1960ರ ಫೆಬ್ರವರಿಯಲ್ಲಿ ನಾರ್ತ್ ಕ್ಯಾರೊಲಿನಾದ ಗ್ರೀನ್ಸ್‌ಬರೋ ಎಂಬಲ್ಲಿ ನಾಲ್ವರು ಕಪ್ಪು ವಿದ್ಯಾರ್ಥಿಗಳು, ಬಿಳಿಯರಿಗೆ ಮಾತ್ರ ಬಡಿಸುತ್ತಿದ್ದ ತಿಂಡಿಯ ಕಟ್ಟೆಯ ಮುಂದೆ ಕುಳಿತು ಏಳಲು ಒಪ್ಪಲಿಲ್ಲ. ಅದೇ ವರ್ಷ ಆಗಸ್ಟ್ ಮತ್ತು ಸೆಪ್ಟೆಂಬರಿನಲ್ಲಿ ರೋಚ್, ಗೀತರಚನೆಕಾರ ಆಸ್ಕರ್ ಬ್ರೌನ್ ಜೂನಿಯರ್ ಮತ್ತು ಗಾಯಕಿ ಆಬಿ ಲಿಂಕನ್ ಅವರೊಂದಿಗೆ ‘ವಿ ಇನ್ಸಿಸ್ಟ್!’ ಎಂಬ ಧ್ವನಿಮುದ್ರಿಕೆ ಮಾಡಿದರು. ಅದರ ರಟ್ಟಿನ ಮೇಲೆ ಅಂತಹ ಕಟ್ಟೆಯೊಂದರ ಮುಂದೆ ಕುಳಿತ ಮೂವರು ಕಪ್ಪು ಗಂಡಸರ ಚಿತ್ರವಿದೆ. ಐದು ಭಾಗಗಳ ಈ ಕೃತಿ ಗುಲಾಮಗಿರಿಯಿಂದ ಹೊರಟು ದಕ್ಷಿಣ ಆಫ್ರಿಕಾದವರೆಗೆ ಹೋಗುತ್ತದೆ.

ಮೊದಲ ಭಾಗ ಗುಲಾಮರನ್ನು ಹೊಡೆದು ದುಡಿಸುತ್ತಿದ್ದ ಮೇಸ್ತ್ರಿಯ ಹಾಡು. ಅದು ಐದರ ಎಣಿಕೆಯಲ್ಲಿದೆ. ನಮಗೆ ಐದೆಂದರೆ ಝಂಪೆ. ಅದರಲ್ಲಿ ಒಂದು ತೂಗು ಇರುತ್ತದೆ, ಬಾಗಿ ನಡೆಯುವ ಚೆಲುವಿರುತ್ತದೆ. ರೋಚ್ ಅವರ ಐದರಲ್ಲಿ ಆ ಚೆಲುವಿಲ್ಲ. ಮೊದಲ ಎಣಿಕೆಗೆ ಡ್ರಮ್ಮಿನ ಅಂಚು ಮತ್ತು ಚರ್ಮ ಎರಡಕ್ಕೂ ಒಟ್ಟಿಗೆ ಬೀಳುವ ಗಡುಸು ಪೆಟ್ಟು, ಆಮೇಲೆ ನಾಲ್ಕು ಎಣಿಕೆ ಕಾಯುವುದು, ಮತ್ತೆ ಆ ಪೆಟ್ಟು. ಅದು ಚಾಟಿಯ ಸದ್ದು ಎಂದು ಹೇಳಿಕೊಡಬೇಕಾಗಿಲ್ಲ. ಐದು ಎಣಿಸುತ್ತ ಕುಳಿತ ನನಗೆ ಮುಂದಿನ ಆವರ್ತದ ಮೊದಲ ಅಕ್ಷರ ಬರುವುದೇ ಬೇಡ ಎಂದು ಅನ್ನಿಸಿದ್ದು ಜೀವನದಲ್ಲಿ ಅದೊಂದೇ ಬಾರಿ. ಇದರಲ್ಲಿ ಸ್ಯಾಕ್ಸೋಫೋನ್ ನುಡಿಸಿದವರು ಹಿರಿಯರಾದ ಕೋಲ್ಮನ್ ಹಾಕಿನ್ಸ್. 1944ರಲ್ಲಿ ಎಳೆಯ ರೋಚ್ ಅವರನ್ನು ತಮ್ಮ ಧ್ವನಿಮುದ್ರಣದಲ್ಲಿ ಕೂರಿಸಿಕೊಂಡವರೂ ಅವರೇ. ನುಡಿಸುವಾಗ ಒಂದು ಕಡೆ ಅವರ ವಾದ್ಯ ಕೀರಲಿಡುತ್ತದೆ. ಅದನ್ನು ಕತ್ತರಿಸಿ ತೆಗೆಯಬಹುದಿತ್ತು. ಇಂತಹ ಕೃತಿಯಲ್ಲಿ ಎಲ್ಲವೂ ನುಣ್ಣಗಿದ್ದರೆ ಏನೋ ತಪ್ಪಿದೆ ಎಂದೇ ಅರ್ಥ ಎಂದು ಹಾಕಿನ್ಸ್ ಅದನ್ನು ಉಳಿಸಿದರು.

ನಡುವಿನ ಭಾಗದಲ್ಲಿ ಹಾಡುವ ದನಿ ಮತ್ತು ಡ್ರಮ್ ಎರಡೇ ಇವೆ, ಮಾತಿನ ಒಂದು ಪದ ಕೂಡ ಇಲ್ಲ. ಪ್ರಾರ್ಥನೆಯಂತೆ ಆರಂಭವಾಗಿ, ಆಬಿ ಲಿಂಕನ್ ಅವರು ಒಂದು ನಿಮಿಷಕ್ಕೂ ಮಿಕ್ಕಿ ಬರೀ ಚೀರುವುದಕ್ಕೆ ಹೋಗಿ, ಕೊನೆಗೆ ದಣಿದು ನಿಲ್ಲುತ್ತದೆ. ಪೊರ್ಬುಗಳ ಬಳಿ ಇದರ ಇನ್ನೊಂದು ಕ್ಯಾಸೆಟ್ ಇತ್ತು. ಅದನ್ನು ಹಾಕಿದ ದಿನ ನೆರೆಮನೆಯ ಹೆಂಗಸು ಯಾರಿಗೆ ಏನಾಯಿತೆಂದು ಓಡಿಬಂದರು. ಇದು ಸಂಗೀತವೇ ಎಂದು ನಾನು ಕೇಳಿದೆ. ಆಗ ನನಗೆ ಇಪ್ಪತ್ತು ವರ್ಷ. ರಣರಂಗದಲ್ಲಿ ಚೆಂಡೆಯ ಅಬ್ಬರದ ನಡುವೆ ವೇಷಧಾರಿ ಹಾಕುವ ಆರ್ಭಟೆಯನ್ನು ಚಿಕ್ಕಂದಿನಿಂದ ಕೇಳಿ ಬೆಳೆದವನು ಆ ಪ್ರಶ್ನೆ ಕೇಳಬಾರದಿತ್ತು ಎಂದು ಹೊಳೆದದ್ದು ಬಹಳ ತಡವಾಗಿ. ನಮ್ಮ ಆರ್ಭಟೆ ಬಣ್ಣದ ವೇಷದ್ದು, ರಾಕ್ಷಸನದ್ದು. ಇಲ್ಲಿ ಚೀರುತ್ತಿದ್ದವಳು ಪೆಟ್ಟು ತಿಂದವಳು. ಚೀರಾಟದ ಕೆಳಗೆ ರೋಚ್ ಏನು ಮಾಡುತ್ತಾರೆ ಎಂಬುದನ್ನು ಗಮನಿಸಿ: ಅವರು ಅವಳನ್ನು ಮುಚ್ಚುವುದಿಲ್ಲ, ಸಮಾಧಾನ ಮಾಡುವುದೂ ಇಲ್ಲ, ಪಕ್ಕದಲ್ಲಿ ನಿಂತು ಉರುಳಿಕೆಯೊಂದನ್ನು ಏರಿಸುತ್ತ ಹೋಗುತ್ತಾರೆ.

ಆಬಿ ಮತ್ತು ರೋಚ್ 1962ರಲ್ಲಿ ಮದುವೆಯಾದರು, 1970ರಲ್ಲಿ ಬೇರೆಯಾದರು. ಸಮಾಜಕ್ಕೆ ಅರ್ಥವಿಲ್ಲದ್ದನ್ನು ಇನ್ನು ಮುಂದೆ ನುಡಿಸುವುದಿಲ್ಲ ಎಂದು ರೋಚ್ ಬಹಿರಂಗವಾಗಿ ಹೇಳಿದ್ದರು. 1961ರ ಮೇ ತಿಂಗಳಲ್ಲಿ ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ ಹಳೆಯ ಜೊತೆಗಾರ, ತುತ್ತೂರಿ ವಾದಕ ಮೈಲ್ಸ್ ಡೇವಿಸ್ ಅವರ ಕಛೇರಿ ನಡೆಯುತ್ತಿದ್ದಾಗ, ಕಾರ್ಯಕ್ರಮದ ಹಣ ಹೋಗುತ್ತಿದ್ದ ಸಂಸ್ಥೆಯ ಬಗ್ಗೆ ತಕರಾರು ಇದ್ದ ರೋಚ್ ಫಲಕ ಹಿಡಿದು ವೇದಿಕೆಯ ಮೇಲೆಯೇ ಕುಳಿತುಬಿಟ್ಟರು. ಡೇವಿಸ್ ನುಡಿಸುವುದನ್ನು ನಿಲ್ಲಿಸಿ ಒಳಗೆ ಹೋಗಿ, ಆಮೇಲೆ ಬಂದು ಮುಂದುವರಿಸಿದರು. ಗೆಳೆಯನ ಕಛೇರಿಯನ್ನು ಹೀಗೆ ಕೆಡಿಸಿದ್ದು ಸರಿಯೇ ಎಂಬ ಬಗ್ಗೆ ನನಗೆ ಇಂದಿಗೂ ಒಪ್ಪಿಗೆಯಿಲ್ಲ. ಪೊರ್ಬುಗಳಿಗಂತೂ ಸುತರಾಂ ಒಪ್ಪಿಗೆಯಿರಲಿಲ್ಲ. ಬ್ಯಾಂಡಿನವನು ಇನ್ನೊಬ್ಬ ಬ್ಯಾಂಡಿನವನ ಹೊಟ್ಟೆಯ ಮೇಲೆ ಹೊಡೆಯಬಾರದು ಎಂಬುದು ಅವರ ನಿಯಮ.

ಮುಂದಿನ ದಶಕಗಳನ್ನು ಬೇಗ ಹೇಳಿಬಿಡುತ್ತೇನೆ. 1970ರಲ್ಲಿ ರೋಚ್ ತಾಳವಾದ್ಯದವರು ಮಾತ್ರ ಇರುವ ‘ಎಂಬೂಮ್’ ಎಂಬ ತಂಡ ಕಟ್ಟಿದರು. ಅದರಲ್ಲಿ ಎಲ್ಲರೂ ಎಲ್ಲ ವಾದ್ಯ ನುಡಿಸುತ್ತಿದ್ದರು, ಕಂಚಿನ ಗಂಟೆಯಿಂದ ಮರದ ಪಟ್ಟಿಗಳ ಮರಿಂಬಾವರೆಗೆ. ಮ್ಯಾಸಚೂಸೆಟ್ಸ್ ವಿಶ್ವವಿದ್ಯಾಲಯದ ಆಮ್ಹರ್ಸ್ಟ್ ಶಾಖೆಯಲ್ಲಿ ಬಹುಕಾಲ ಪಾಠ ಹೇಳಿದರು. 1979ರಲ್ಲಿ ಪಿಯಾನೋದ ಸಿಸಿಲ್ ಟೇಲರ್ ಅವರೊಂದಿಗೆ ಇಬ್ಬರೇ ಕುಳಿತು ದೀರ್ಘ ಕಛೇರಿ ಕೊಟ್ಟರು. ಮಗಳು ಮ್ಯಾಕ್ಸೀನ್ ವಯೋಲಾ ವಾದಕಿ. ಅವರನ್ನೂ ತಂತಿವಾದ್ಯಗಳನ್ನೂ ತಮ್ಮ ನಾಲ್ವರ ತಂಡಕ್ಕೆ ಜೋಡಿಸಿಕೊಂಡರು. ಮಾರ್ಟಿನ್ ಲೂಥರ್ ಕಿಂಗ್ ಅವರ ಹೆಸರಾಂತ ಭಾಷಣದ ದನಿಗೆ ಡ್ರಮ್ ನುಡಿಸಿ 1981ರಲ್ಲಿ ಮುದ್ರಿಸಿದರು. ಹಿಪ್-ಹಾಪ್ ಹುಡುಗರೊಂದಿಗೂ 1983ರಲ್ಲಿ ವೇದಿಕೆ ಏರಿದರು, ಅವರ ವಯಸ್ಸಿನ ಜಾಝ್ ಮಂದಿ ಆ ಹುಡುಗರನ್ನು ಮೂಸಿಯೂ ನೋಡದಿದ್ದ ಕಾಲದಲ್ಲಿ. 1988ರಲ್ಲಿ ಮ್ಯಾಕ್ಆರ್ಥರ್ ಫೆಲೋಶಿಪ್ ಎಂಬ ದೊಡ್ಡ ಗೌರವಧನ ಬಂತು, ಅದನ್ನು ಪಡೆದ ಮೊದಲ ಜಾಝ್ ವಾದಕರಲ್ಲಿ ಅವರೂ ಒಬ್ಬರು.

ನಮ್ಮ ಕಡೆ ಈಗ ಚೆಂಡೆಗೂ ಡ್ರಮ್ ಸೆಟ್ಟಿಗೂ ಜುಗಲ್ಬಂದಿ ಏರ್ಪಡಿಸುವುದು ಕಾಲೇಜು ದಿನಾಚರಣೆಗಳಲ್ಲಿ ಮಾಮೂಲಾಗಿದೆ. ಎರಡು ಬಾರಿ ನನ್ನನ್ನೂ ಕರೆದಿದ್ದರು. ಒಬ್ಬ ಬಾರಿಸುವುದು, ಇನ್ನೊಬ್ಬ ಅದನ್ನೇ ಇನ್ನಷ್ಟು ಗಟ್ಟಿಯಾಗಿ ಬಾರಿಸುವುದು, ಕೊನೆಗೆ ಇಬ್ಬರೂ ಒಟ್ಟಿಗೆ ಅತಿ ವೇಗಕ್ಕೆ ಹೋಗಿ ಚಪ್ಪಾಳೆ ಗಿಟ್ಟಿಸುವುದು. ಕೂಡುವಿಕೆಯೇ ತಪ್ಪೆಂದು ಹೇಳುತ್ತಿಲ್ಲ. ಬೆಂಗಳೂರಿನ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್‌ನ ಟಿ. ಎ. ಎಸ್. ಮಣಿ ಮತ್ತು ಆರ್. ಎ. ರಮಾಮಣಿ ಅವರು ಸ್ಯಾಕ್ಸೋಫೋನ್ ವಾದಕ ಚಾರ್ಲಿ ಮರಿಯಾನೋ ಅವರೊಂದಿಗೆ ಮಾಡಿದ ಕೆಲಸವನ್ನು ಕೇಳಿದವರಿಗೆ ಕೂಡುವುದು ಎಂದರೇನು ಎಂದು ಗೊತ್ತು. ನನ್ನ ದೂರು ಇಷ್ಟೇ: ಆ ಕಾಲೇಜು ವೇದಿಕೆಗಳಲ್ಲಿ ಇಬ್ಬರೂ ಕೈಯನ್ನು ಮಾತ್ರ ಕೇಳುತ್ತಿದ್ದೆವು. ಮೂರನ್ನು ಹಿಡಿದು ನಿಲ್ಲುವ ಕಾಲು ಯಾರ ಬಳಿಯೂ ಇರಲಿಲ್ಲ, ನನ್ನ ಬಳಿಯೂ. ಈ ಮಳೆಗಾಲದಲ್ಲಿ ಮನೆಯಲ್ಲಿ ಕುಳಿತು, ಬಲಗಾಲಿನಲ್ಲಿ ಒಂದು, ಎಡಗಾಲಿನಲ್ಲಿ ಎರಡು ಎಂದು ನೆಲಕ್ಕೆ ತಟ್ಟುತ್ತ, ತೊಡೆಯ ಮೇಲೆ ಏಕತಾಳದ ಬಿಡ್ತಿಗೆ ಎಂಬ ಮದ್ದಳೆಯ ನುಡಿಗಳನ್ನು ಹಾಕಲು ನೋಡುತ್ತಿದ್ದೇನೆ. ಏಳೆಂಟು ಆವರ್ತ ನಿಲ್ಲುತ್ತದೆ. ಆಮೇಲೆ ಕಾಲು ಕೈಯ ಮಾತಿಗೆ ಮರುಳಾಗಿ ಅದರ ಹಿಂದೆ ಹೋಗುತ್ತದೆ.

ರೋಚ್ ಅವರು 2007ರ ಆಗಸ್ಟ್ 16ರಂದು ನ್ಯೂಯಾರ್ಕಿನಲ್ಲಿ ತೀರಿಕೊಂಡರು. ತುಳುವರ ಲೆಕ್ಕದಲ್ಲಿ ಆಟಿ ತಿಂಗಳು ಮುಗಿದು ಸೋಣ ತಿಂಗಳು ಹಿಡಿಯುವ ಹೊತ್ತು ಅದು. ನಾನು ಆಗ ಉಡುಪಿಗೆ ಬಂದು ಕೆಲಸ ಹಿಡಿದು ವರ್ಷಗಳಾಗಿದ್ದವು. ಸುದ್ದಿ ಓದಿ ಬೆಂದೂರಿನ ಮನೆಗೆ ಫೋನ್ ಮಾಡಿದೆ. ಪೊರ್ಬುಗಳಿಗೆ ಕಿವಿ ಮಂದವಾಗಿತ್ತು, ಎರಡು ಸಲ ಹೇಳಬೇಕಾಯಿತು. ಎಷ್ಟು ಪ್ರಾಯವಾಗಿತ್ತು ಎಂದು ಕೇಳಿದರು. ಎಂಬತ್ತಮೂರು ಎಂದೆ. ಸ್ವಲ್ಪ ಹೊತ್ತು ಆ ಕಡೆಯಿಂದ ಮಳೆಯ ಸದ್ದು ಮಾತ್ರ ಕೇಳಿಸಿತು.

“ನನ್ನ ಆ ಕ್ಯಾಸೆಟ್ ನಿನ್ನತ್ರ ಉಂಟಾ?” ಎಂದು ಕೇಳಿದರು.

ಕೋಣೆ ಖಾಲಿ ಮಾಡಿದ ದಿನ ಪುಸ್ತಕಗಳ ನಡುವೆ ಅದು ನನ್ನೊಂದಿಗೆ ಬಂದಿತ್ತು. ಹತ್ತು ವರ್ಷಕ್ಕೂ ಹೆಚ್ಚಾಗಿತ್ತು, ಒಮ್ಮೆಯೂ ಅವರು ಕೇಳಿರಲಿಲ್ಲ, ನಾನಾಗಿ ಹೇಳಿಯೂ ಇರಲಿಲ್ಲ. ಉಂಟು ಎಂದೆ, ಬರುವ ಆದಿತ್ಯವಾರ ತಂದುಕೊಡುತ್ತೇನೆ ಎಂದೆ.

“ತರುವುದು ಬೇಡ. ಈ ಮಳೆಗೆ ಬೂಸರು ಹಿಡಿದಿರಬಹುದು. ಬಿಸಿಲು ಬಂದ ದಿನ ಸ್ವಲ್ಪ ಹೊರಗೆ ಇಡು ಮಾರಾಯ” ಎಂದರು.